ತಂಬೂರಿ ಹಿಡಿದವನ ಹೆಸರೇನು?



'ಕೋಲುಮಂಡೆ' ಹಾಡು ಕೇಳದ ಕನ್ನಡಿಗ ಯಾರಿದ್ದಾರೆ ಹೇಳಿ? 1996ರಲ್ಲಿ ಬಂದ 'ಜನುಮದ ಜೋಡಿ' ಸಿನಿಮಾ. ಟಿ.ಎಸ್. ನಾಗಾಭರಣ ಅವರ ನಿರ್ದೇಶನ, ವಿ. ಮನೋಹರ್ ಅವರ ಸಂಗೀತ, ಪರದೆ ಮೇಲೆ ಶಿವಣ್ಣ. ಹಾಡಿದ್ದು ಎಲ್.ಎನ್. ಶಾಸ್ತ್ರಿ. ಆ ಹಾಡಿಗೆ ಅವರಿಗೆ ರಾಜ್ಯ ಪ್ರಶಸ್ತಿಯೂ ಬಂತು. ಇಷ್ಟೂ ನಮಗೆ ಗೊತ್ತಿದೆ. ಸರಿ, ಈಗ ಇನ್ನೊಂದು ಪ್ರಶ್ನೆ ಕೇಳ್ತೀನಿ. ಸಿನಿಮಾಗೆ ಬರೋದಕ್ಕಿಂತ ಮೊದಲು ಈ ಹಾಡನ್ನ ಯಾರು ಹಾಡ್ತಿದ್ರು? ಒಬ್ಬರ ಹೆಸರು ಹೇಳಿ ನೋಡೋಣ.

ಗೊತ್ತಿಲ್ಲ, ಅಲ್ವಾ? ಕ್ಯಾಸೆಟ್‌ಗಳ ಮೇಲೆ ಇಂಥ ಹಾಡಿನ ಮುಂದೆ ಒಂದೇ ಪದ ಇರ್ತಿತ್ತು: 'ಜಾನಪದ'. ಜಾನಪದ ಅಂದ್ರೆ ಯಾರು? ಯಾವ ಊರು? ಅವನ ತಂದೆ ಯಾರು, ಗುರು ಯಾರು? ಅದನ್ನ ಕೇಳಿದವರು ಕಡಿಮೆ.

ಇವತ್ತು ಈ ವಿಷಯ ಯಾಕೆ ಎತ್ತಿಕೊಂಡೆ ಅಂದ್ರೆ, ಈಗ ಊರೂರಿಗೆ ಕ್ಯಾಮೆರಾ ಬಂದಿದೆ. ಒಳ್ಳೆಯ ಮನಸ್ಸಿನ ಹುಡುಗ ಹುಡುಗಿಯರು ಹಳ್ಳಿಗೆ ಹೋಗಿ, ಅಲ್ಲಿನ ಹಾಡು, ಅಲ್ಲಿನ ಜನರ ಚರಿತ್ರೆ ದಾಖಲಿಸಬೇಕು ಅಂತ ಹೊರಟಿದ್ದಾರೆ. ಸಂತೋಷ. ಆದರೆ ಒಂದು ಪದದ ಕಡೆ ಅವರ ಗಮನ ಸೆಳೀಬೇಕು. ಡಾಕ್ಯುಮೆಂಟರಿಗೆ ಕನ್ನಡದಲ್ಲಿ ನಾವು ಏನಂತೀವಿ? ಸಾಕ್ಷ್ಯಚಿತ್ರ. ಸಾಕ್ಷಿ ಅಂದ್ರೆ ಕಟಕಟೆಯಲ್ಲಿ ನಿಂತು ಸತ್ಯ ಹೇಳಬೇಕಾದವನು. ಕಂಡದ್ದನ್ನ ಪೂರ್ತಿ ಹೇಳಬೇಕು, ಅರ್ಧ ಹೇಳಿದ್ರೆ ಅದು ಸಾಕ್ಷಿ ಆಗಲ್ಲ. ಇವರು ಯಾರ ಪರವಾಗಿ ಸಾಕ್ಷಿ ಹೇಳ್ತಿದ್ದಾರೆ? ಅದೇ ಇವತ್ತಿನ ಮಾತು.

ಚಾಮರಾಜನಗರ ಪಟ್ಟಣದ ಪಕ್ಕದಲ್ಲೇ ಹರದನಹಳ್ಳಿ ಅಂತ ಒಂದು ಊರಿದೆ. ದಿವ್ಯಲಿಂಗೇಶ್ವರನ ದೊಡ್ಡ ದೇವಸ್ಥಾನ ಇರೋ ಊರು. ಬಂಡೀಪುರಕ್ಕೆ, ಊಟಿಗೆ ಅಂತ ಗುಂಡ್ಲುಪೇಟೆ ಕಡೆ ಕಾರು ಓಡಿಸೋ ನಮ್ಮಲ್ಲಿ ಹೆಚ್ಚಿನವರು ಈ ಊರಿನ ಹೆಸರೇ ಕೇಳಿರಲ್ಲ. ಆದರೆ ಕನ್ನಡ ಸಾಹಿತ್ಯದ ಚರಿತ್ರೆಯಲ್ಲಿ ಇದು ಸಣ್ಣ ಊರಲ್ಲ. ಗೋಸಲ ಚನ್ನಬಸವೇಶ್ವರರ ಮಠ ಇದ್ದದ್ದು ಇಲ್ಲಿ. ಅವರ ಶಿಷ್ಯ ತೋಂಟದ ಸಿದ್ಧಲಿಂಗ ಯತಿಗಳು ಹುಟ್ಟಿದ್ದು ಇದೇ ಹರದನಹಳ್ಳಿಯಲ್ಲಿ ಅನ್ನುತ್ತೆ ಪರಂಪರೆ. ಕುಣಿಗಲ್ ಹತ್ತಿರದ ಯಡಿಯೂರಿನಲ್ಲಿ ಗದ್ದುಗೆ ಇದೆಯಲ್ಲ, ಅವರೇ.

ಈ ಸಿದ್ಧಲಿಂಗರ ಪರಂಪರೆ ಮಾಡಿದ ಕೆಲಸ ಏನು? ಹನ್ನೆರಡನೇ ಶತಮಾನದಲ್ಲಿ ಕಲ್ಯಾಣದ ಕ್ರಾಂತಿ ಮುರಿದುಬಿತ್ತು. ಶರಣರು ದಿಕ್ಕಾಪಾಲಾದರು. ವಚನಗಳು ಅಲ್ಲೊಂದು ಇಲ್ಲೊಂದು ಉಳಿದವು. ಮುನ್ನೂರು ವರ್ಷ ಕಳೆದ ಮೇಲೆ, ಹದಿನೈದು ಹದಿನಾರನೇ ಶತಮಾನದಲ್ಲಿ, ಅವನ್ನ ಹುಡುಕಿ, ಸೇರಿಸಿ, ಓಲೆಗರಿಗೆ ಇಳಿಸಿದವರಲ್ಲಿ ಈ ಪರಂಪರೆಯವರು ಮುಂದಿದ್ದರು. 'ಶೂನ್ಯಸಂಪಾದನೆ'ಗೆ ಕೊನೆಯ ರೂಪ ಕೊಟ್ಟ ಗೂಳೂರು ಸಿದ್ಧವೀರಣ್ಣೊಡೆಯರೂ ಸಿದ್ಧಲಿಂಗರ ಪರಂಪರೆಯವರೇ. ಮುಂದೆ ಫ.ಗು. ಹಳಕಟ್ಟಿಯವರು ಮನೆಮನೆ, ಮಠಮಠ ತಿರುಗಿ ಓಲೆಗರಿ ಹುಡುಕಿ 1923ರಲ್ಲಿ 'ವಚನಶಾಸ್ತ್ರಸಾರ'ದ ಮೊದಲ ಭಾಗ ಅಚ್ಚು ಹಾಕಿಸಿದ್ರು. ಅವರ ಕೈಗೆ ಓಲೆಗರಿ ಸಿಕ್ಕಿದ್ದು ಯಾಕೆ? ಅಷ್ಟು ಹಿಂದೆ ಯಾರೋ ಕೂತು ಬರೆದಿಟ್ಟಿದ್ದರಿಂದ. ಅವತ್ತಿನ ಸಾಕ್ಷ್ಯಚಿತ್ರ ಅಂದ್ರೆ ಅದೇ. ಕ್ಯಾಮೆರಾ ಬದಲು ಕಂಟ ಇತ್ತು, ಅಷ್ಟೇ.

ಆದರೆ ವೀಕ್ಷಕರೇ, ಇದೇ ಸೀಮೆಯಲ್ಲಿ ಕಲ್ಯಾಣದ ಕಥೆಗೆ ಇನ್ನೊಂದು ಪ್ರತಿ ಇದೆ. ಅದು ಓಲೆಗರಿಯಲ್ಲಿ ಇಲ್ಲ. ತಂಬೂರಿಯಲ್ಲಿದೆ.

ಹರದನಹಳ್ಳಿಯಿಂದ ಕೊಳ್ಳೇಗಾಲ ದಾಟಿ ಹೋದ್ರೆ ಚಿಕ್ಕಲ್ಲೂರು. ಸಿದ್ಧಪ್ಪಾಜಿ ಗದ್ದುಗೆ. ಜನವರಿ ಬಂತು ಅಂದ್ರೆ ಐದು ದಿನ ಜಾತ್ರೆ. ಸಿದ್ಧಪ್ಪಾಜಿಯ ಗುರು ಮಂಟೇಸ್ವಾಮಿ. ಇವರ ಕಥೆಯನ್ನ ತಂಬೂರಿ ಹಿಡಿದು ಹಾಡೋರು ನೀಲಗಾರರು. ದೀಕ್ಷೆ ಪಡೆದು ಹಾಡೋರು. ಅವರಲ್ಲಿ ದಲಿತರು ಬಹಳ ಜನ, ಬೇರೆ ಬೇರೆ ಸಮುದಾಯದವರೂ ಇದ್ದಾರೆ.

ಅವರ ಹಾಡಿನಲ್ಲಿ ಮಂಟೇಸ್ವಾಮಿ ಕಲ್ಯಾಣಕ್ಕೆ ಹೋಗ್ತಾನೆ. ಹೇಗೆ ಹೋಗ್ತಾನೆ? ಕಾವಿ ಉಟ್ಟು, ವಿಭೂತಿ ಬಳಿದು ಅಲ್ಲ. ಮೈಯೆಲ್ಲ ಹುಣ್ಣು, ಗಬ್ಬುನಾತ, ಯಾರೂ ಹತ್ತಿರ ಸೇರಿಸದ ವೇಷದಲ್ಲಿ ಹೋಗಿ ಬಾಗಿಲಲ್ಲಿ ನಿಲ್ತಾನೆ. ಬಾಗಿಲು ಕಾಯೋರು ಹೊಡೆದು ಓಡಿಸ್ತಾರೆ. ಎಲ್ಲರೂ ಸಮಾನರು ಅಂತ ಸಾರಿದ ಕಲ್ಯಾಣದ ಬಾಗಿಲಲ್ಲೇ ಒಬ್ಬನನ್ನ ಹೊರಗಿಟ್ರು, ಆಮೇಲೆ ಬಸವಣ್ಣನೇ ಅವನನ್ನ ಹುಡುಕಿಕೊಂಡು ಬರಬೇಕಾಯ್ತು ಅನ್ನುತ್ತೆ ಆ ಹಾಡು. ಹಾಡುಗಾರರಿಂದ ಹಾಡುಗಾರರಿಗೆ ವಿವರ ಬದಲಾಗ್ತದೆ, ತಿರುಳು ಬದಲಾಗಲ್ಲ. ಇನ್ನೊಂದು ಸ್ವಾರಸ್ಯ ನೋಡಿ. ಶೂನ್ಯಸಂಪಾದನೆಯ ನಡುನಾಯಕ ಅಲ್ಲಮಪ್ರಭು. ನೀಲಗಾರರ ಹಾಡಿನಲ್ಲಿ ಮಂಟೇಸ್ವಾಮಿಯೇ ಅಲ್ಲಮಪ್ರಭು!

ಅರ್ಥ ಆಯ್ತಾ? ಒಂದೇ ಕಲ್ಯಾಣ, ಒಬ್ಬನೇ ಅಲ್ಲಮ. ಮಠದೊಳಗೆ ಕೂತವರು ಒಂದು ರೀತಿ ಬರೆದಿಟ್ರು. ಬಾಗಿಲಾಚೆ ನಿಂತವರು ಇನ್ನೊಂದು ರೀತಿ ಹಾಡಿಕೊಂಡು ಬಂದ್ರು. ಇದರಲ್ಲಿ ಯಾವುದು ಸುಳ್ಳು? ನಾನು ಕೇಳೋದು ಆ ಪ್ರಶ್ನೆ ಅಲ್ಲ. ಬರೆಯೋಕೆ ಬಾರದ ಜನ, ಶಾಸನ ಹಾಕಿಸೋ ಶಕ್ತಿ ಇಲ್ಲದ ಜನ, ತಮ್ಮ ಕಡೆಯ ಮಾತನ್ನ ಎಲ್ಲಿ ದಾಖಲಿಸಬೇಕಿತ್ತು? ಹಾಡಿನಲ್ಲೇ ದಾಖಲಿಸಿದ್ರು. ಅದು ಅವರ ಪಹಣಿ, ಅವರ ದಫ್ತರ.

ಸಿದ್ಧಪ್ಪಾಜಿ ಕಥೆಯನ್ನೇ ತಗೊಳ್ಳಿ. ಅವನು ಮೊದಲು ಕಮ್ಮಾರರ ಮನೆಯ ಹುಡುಗ, ಕೆಂಪಾಚಾರಿ. ಗುರು ಅವನನ್ನ ಹಲಗೂರಿನ ಪಾಂಚಾಳರ ಹತ್ತಿರ ಕಬ್ಬಿಣದ ಭಿಕ್ಷೆಗೆ ಕಳಿಸ್ತಾನೆ. ಮೇಲ್ನೋಟಕ್ಕೆ ಇದು ಪವಾಡದ ಕಥೆ. ಕೂತು ಕೇಳಿದ್ರೆ, ಆ ಸೀಮೆಯಲ್ಲಿ ಕಬ್ಬಿಣ ಯಾರ ಕೈಲಿತ್ತು, ಕುಲುಮೆ ಎಲ್ಲಿತ್ತು, ಯಾವ ಕಸುಬಿನವರು ಯಾರ ಮುಂದೆ ಕೈ ಒಡ್ಡಬೇಕಿತ್ತು ಅನ್ನೋದೆಲ್ಲ ಅದರಲ್ಲಿದೆ. ಸಮುದಾಯದ ಚರಿತ್ರೆ ಅಂದ್ರೆ ಇದಲ್ಲದೆ ಮತ್ತೇನು?

ಇನ್ನು ಮಾದಪ್ಪ. ಮಲೆ ಮಹದೇಶ್ವರ. ಅವನನ್ನ ಹರದನಹಳ್ಳಿ ಮಠದ ಪರಂಪರೆಗೆ ಸೇರಿಸಿ ಹೇಳೋ ನಂಬಿಕೆಯೂ ಇದೆ. ಅವನ ಕಥೆ ಹಾಡೋರು ದೇವರಗುಡ್ಡರು. ಕೈಯಲ್ಲಿ ಕಂಸಾಳೆ. ಕಂಚಿನದು, ಒಂದು ಬಟ್ಟಲಿನ ಹಾಗೆ, ಇನ್ನೊಂದು ಚಪ್ಪಟೆ. ಮನೆಯಲ್ಲಿ ಹರಕೆ ಹೊತ್ತು ಮಗನನ್ನ ಗುಡ್ಡನನ್ನಾಗಿ ಬಿಡ್ತಾರೆ. ಅವನು ಗುರುವಿನಿಂದ ದೀಕ್ಷೆ ತಗೋಬೇಕು, ಜೋಳಿಗೆ ಹಾಕ್ಕೊಂಡು ಭಿಕ್ಷಕ್ಕೆ ಹೋಗಬೇಕು. ನಾವು ವೇದಿಕೆ ಮೇಲೆ ನೋಡಿ ಚಪ್ಪಾಳೆ ತಟ್ಟೋ ಬೀಸು ಕಂಸಾಳೆ ಇದೆಯಲ್ಲ, ಅದು ಇಡೀ ಸಂಪ್ರದಾಯದ ಒಂದು ತುಣುಕು. ಕಥೆ ಹಾಡೋಕೆ ಕೂತರೆ ರಾತ್ರಿ ಪೂರ್ತಿ ಬೇಕು. ಅಧ್ಯಾಯಕ್ಕೆ ಅವರು 'ಸಾಲು' ಅಂತಾರೆ. ಸಂಕಮ್ಮನ ಸಾಲು, ಇಕ್ಕೇರಿ ದೇವಮ್ಮನ ಸಾಲು, ಜುಂಜೇಗೌಡನ ಸಾಲು, ಹೀಗೆ.

ಈ ಸಂಕಮ್ಮನ ಹತ್ತಿರ ಒಂದು ನಿಮಿಷ ನಿಲ್ಲೋಣ. ಸೋಲಿಗರ ಹೆಣ್ಣುಮಗಳು ಸಂಕಮ್ಮ. ಗಂಡ ನೀಲೇಗೌಡ ಕಾಡಿಗೆ ಹೊರಡ್ತಾನೆ. ನಾನು ಬರೋವರೆಗೂ ಶೀಲವಾಗಿರ್ತೀನಿ ಅಂತ ಬಲಗೈ ಭಾಷೆ ಕೊಡು ಅಂತಾನೆ. ಅವಳು ಕೊಡಲ್ಲ. ತಪ್ಪು ಮಾಡದೆ ನಾನ್ಯಾಕೆ ಆಣೆ ಇಡಲಿ ಅನ್ನೋ ಹೆಣ್ಣು ಅವಳು. ಗಂಡ ಅವಳನ್ನ ಹಿಂಸೆ ಕೊಟ್ಟು, ಕಟ್ಟುಮಾಡಿ, ನಡುಕಾಡಿನಲ್ಲಿ ಒಂಟಿಯಾಗಿ ಬಿಟ್ಟುಹೋಗ್ತಾನೆ. ಆಗ ಭಿಕ್ಷದ ಜಂಗಮನಾಗಿ ಅವಳ ಬಾಗಿಲಿಗೆ ಬರೋನು ಮಾದಪ್ಪ. ನಾವು ಮದುವೆ ಮನೆ ಆರ್ಕೆಸ್ಟ್ರಾದಲ್ಲಿ ಕುಣಿಯೋ 'ಕೋಲುಮಂಡೆ'ಯ ಜಂಗಮದೇವರು ಇವನೇ!

2020ರ ಆಗಸ್ಟ್ ನೆನಪಿದೆಯಾ? ರ‍್ಯಾಪರ್ ಚಂದನ್ ಶೆಟ್ಟಿ ಇದೇ 'ಕೋಲುಮಂಡೆ'ಗೆ ಹೊಸ ರೂಪ ಕೊಟ್ಟು ವಿಡಿಯೋ ಬಿಟ್ರು. ಸಂಕಮ್ಮನನ್ನ ತೋರಿಸಿದ ರೀತಿಗೆ ಚಾಮರಾಜನಗರದ ಕಡೆಯ ಭಕ್ತರು ಸಿಡಿದೆದ್ರು. ಚಂದನ್ ಕ್ಷಮೆ ಕೇಳಿದ್ರು, ವಿಡಿಯೋ ವಾಪಸ್ ಹೋಯ್ತು. ಅಲ್ಲಿಗೆ ಸುದ್ದಿ ಮುಗೀತು. ಆದರೆ ಅದರ ಒಳಗಿದ್ದ ವಿಷಯ ಮುಗಿದಿಲ್ಲ. ಹೊಸ ರಾಗ ಹಾಕಬಾರದು ಅಂತ ನಾನು ಹೇಳ್ತಿಲ್ಲ. ಹಾಡು ಬದಲಾಗ್ತಾನೇ ಬಂದಿದೆ, ದೇವರಗುಡ್ಡರೇ ಬದಲಾಯಿಸಿಕೊಂಡು ಬಂದಿದ್ದಾರೆ. ಆದರೆ ಸಾಲಿನಿಂದ ಒಂದು ಹಾಡನ್ನ ಕಿತ್ತು ತಂದಾಗ, ಅದರ ಜೊತೆಗಿದ್ದ ಹೆಣ್ಣುಮಗಳ ಸಂಕಟ ಅಲ್ಲೇ ಉಳಿದುಬಿಡ್ತದೆ. ನಮ್ಮ ಕೈಗೆ ಬರೋದು ತಾಳ ಮಾತ್ರ. ನಮಗೆ ಅದು ಬೀಟು. ಅಲ್ಲಿಯವರಿಗೆ ಅದು ಮನೆಯ ಹೆಣ್ಣುಮಗಳು. ಅವರಿಗೆ ನೋವಾಗದೆ ಇರುತ್ತಾ?

ಸಾಕ್ಷ್ಯಚಿತ್ರ ಮಾಡೋರಿಗೆ ಇದು ಮೊದಲ ಪಾಠ. ತುಣುಕು ತಗೊಂಡು ಬರಬೇಡಿ. "ತಾತ, ಎರಡು ನಿಮಿಷದಲ್ಲಿ ಹಾಡಿ ತೋರಿಸಿ" ಅಂದ್ರೆ ತಾತ ಹಾಡ್ತಾನೆ. ಅವನಿಗೆ ದೊಡ್ಡ ಮನಸ್ಸು. ಆದರೆ ಎರಡು ನಿಮಿಷಕ್ಕೆ ಆರಿಸಿಕೊಳ್ಳೋದು ಕುಣಿತದ ತುಣುಕನ್ನೇ. ಸಂಕಮ್ಮ ಬರಲ್ಲ, ಕಲ್ಯಾಣದ ಬಾಗಿಲು ಬರಲ್ಲ, ಹಲಗೂರಿನ ಕುಲುಮೆ ಬರಲ್ಲ.

ಎರಡನೇ ಪಾಠ ಹಣದ್ದು, ಹಕ್ಕಿನದ್ದು. ಇದನ್ನ ಮಾತಾಡೋಕೆ ನಮ್ಮಲ್ಲಿ ಸಂಕೋಚ. ಜಾನಪದ ಅಂದಕೂಡಲೆ ಸೇವೆ, ಭಕ್ತಿ, ಪುಣ್ಯ ಅಂತ ಶುರು ಮಾಡ್ತೀವಿ. ಗುಂಡ್ಲುಪೇಟೆಯಿಂದ ಬಂಡೀಪುರ ದಾಟಿದ್ರೆ ಮುದುಮಲೈ, ತೆಪ್ಪಕಾಡು ಆನೆ ಶಿಬಿರ. ಅಲ್ಲಿ ಚಿತ್ರೀಕರಿಸಿದ 'ದಿ ಎಲಿಫೆಂಟ್ ವಿಸ್ಪರರ್ಸ್' 2023ರಲ್ಲಿ ಆಸ್ಕರ್ ಗೆದ್ದಿತು. ನಾವೆಲ್ಲ ಹೆಮ್ಮೆ ಪಟ್ವಿ. ಅದೇ ವರ್ಷ ಆಗಸ್ಟ್‌ನಲ್ಲಿ, ಚಿತ್ರದಲ್ಲಿದ್ದ ದಂಪತಿಯ ಹೆಸರಿನಲ್ಲಿ ಹಣದ ತಕರಾರಿನ ಸುದ್ದಿ ಬಂತು. ಚಿತ್ರ ಮಾಡಿದವರು ಆರೋಪ ನಿರಾಕರಿಸಿದ್ರು. ಯಾರು ಸರಿ, ಯಾರು ತಪ್ಪು ಅಂತ ತೀರ್ಪು ಕೊಡೋಕೆ ನಾನು ಕೂತಿಲ್ಲ. ಆದರೆ ಶೂಟಿಂಗ್‌ಗೆ ಮೊದಲೇ, ಅವರ ಭಾಷೆಯಲ್ಲೇ, ಎಲ್ಲರ ಮುಂದೆ ಒಪ್ಪಂದ ಓದಿ ಹೇಳೋ ಪದ್ಧತಿ ಎಲ್ಲ ಕಡೆ ಇದ್ರೆ ಇಂಥ ಸುದ್ದಿ ಹುಟ್ಟೋದೇ ಕಡಿಮೆ.

ಕಾನೂನು ಏನು ಹೇಳುತ್ತೆ ಗೊತ್ತಾ? ತಲೆತಲಾಂತರದಿಂದ ಬಂದ ಹಾಡಿಗೆ ಒಬ್ಬ ಒಡೆಯ ಅಂತ ಇಲ್ಲ, ನಿಜ. ಆದರೆ ಅದನ್ನ ಹಾಡಿದವನಿಗೆ ಹಕ್ಕಿದೆ. 1957ರ ಕೃತಿಸ್ವಾಮ್ಯ ಕಾಯ್ದೆಗೆ 1994ರಲ್ಲಿ ತಿದ್ದುಪಡಿ ತಂದು ಪ್ರದರ್ಶಕರ ಹಕ್ಕು ಸೇರಿಸಿದ್ರು. ಗಾಯಕರು, ವಾದ್ಯ ನುಡಿಸೋರು ಅಷ್ಟೇ ಅಲ್ಲ, ಹಾವಾಡಿಸೋರನ್ನೂ ಆ ಕಾಯ್ದೆ ಹೆಸರು ಹಿಡಿದು ಹೇಳಿದೆ. ಆ ಹಕ್ಕಿಗೆ 50 ವರ್ಷ ಆಯಸ್ಸು. 2012ರ ತಿದ್ದುಪಡಿ ಇನ್ನೂ ಮುಂದೆ ಹೋಯ್ತು. ಹಾಡಿದವನನ್ನ ಹಾಡಿದವನು ಅಂತ ಗುರುತಿಸಬೇಕು, ವ್ಯಾಪಾರಕ್ಕೆ ಬಳಸಿದ್ರೆ ಅವನಿಗೂ ರಾಯಧನ ಸೇರಬೇಕು ಅಂದಿತು. ಆದರೆ ಸಿನಿಮಾಗೆ ಬಳಸಿಕೊಳ್ಳಿ ಅಂತ ಒಮ್ಮೆ ಬರೆದುಕೊಟ್ಟ ಮೇಲೆ, ಆ ಸಿನಿಮಾದಲ್ಲಿ ಹಾಡು ಬೇಡ ಅನ್ನೋಕೆ ಆಗಲ್ಲ. ಹಾಗಾಗಿ ಚಾಮರಾಜನಗರದ ಕಡೆಯ ಹಿರಿಯರೇ, ದಯವಿಟ್ಟು ಕೇಳಿಸಿಕೊಳ್ಳಿ. ಯಾರಾದ್ರೂ ಕಾಗದ ಮುಂದಿಟ್ಟು ಹೆಬ್ಬೆಟ್ಟು ಒತ್ತಿ ಅಂದ್ರೆ, ಮಗಳನ್ನೋ ಮೊಮ್ಮಗನನ್ನೋ ಕರೆದು ಓದಿಸಿ. ಕನ್ನಡದಲ್ಲಿ ಇಲ್ಲ ಅಂದ್ರೆ ಕನ್ನಡದಲ್ಲಿ ಬರ್ಕೊಂಡು ಬನ್ನಿ ಅಂತ ಹೇಳಿ. ಅದು ದುರಾಸೆ ಅಲ್ಲ, ನಿಮ್ಮ ಹಕ್ಕು.

ಹಾಗಾದ್ರೆ ಸರಿಯಾಗಿ ಮಾಡಿದವರೇ ಇಲ್ವಾ? ಇದ್ದಾರೆ. ಮೈಸೂರು ವಿಶ್ವವಿದ್ಯಾಲಯದ ಜೀ.ಶಂ. ಪರಮಶಿವಯ್ಯ, ಪಿ.ಕೆ. ರಾಜಶೇಖರ ಅಂಥವರು ಹಳ್ಳಿ ಹಳ್ಳಿ ಅಲೆದು ಈ ಕಾವ್ಯಗಳನ್ನ ಬರೆದುಕೊಂಡ್ರು. ಕೆ. ಕೇಶವನ್ ಪ್ರಸಾದ್ ಅವರು ಸಂಗ್ರಹಿಸಿದ ಮಾದೇಶ್ವರ ಕಾವ್ಯವನ್ನ ಸಿ.ಎನ್. ರಾಮಚಂದ್ರನ್ ಮತ್ತು ಎಲ್.ಎನ್. ಭಟ್ ಇಂಗ್ಲಿಷಿಗೆ ತಂದ್ರು, ಸಾಹಿತ್ಯ ಅಕಾಡೆಮಿ 2001ರಲ್ಲಿ ಪ್ರಕಟಿಸಿತು. ಆ ಪುಸ್ತಕದ ಮೇಲೆ ಹಾಡಿದವರ ಹೆಸರಿದೆ: ಹೆಬ್ಬಣಿ ಮಾದಯ್ಯ. 'ಜಾನಪದ' ಅಂತಲ್ಲ, 'ಅನಾಮಿಕ' ಅಂತಲ್ಲ. ಊರು ಹೆಬ್ಬಣಿ, ಹೆಸರು ಮಾದಯ್ಯ. ದೇಶದ ಯಾವ ಮೂಲೆಯಲ್ಲಿ ಆ ಪುಸ್ತಕ ತೆಗೆದ್ರೂ ಅವರು ಹಾಡಿದ್ರು ಅಂತ ಗೊತ್ತಾಗುತ್ತೆ. ಒಂದು ಹೆಸರಿಗೆ ಎಷ್ಟು ಬೆಲೆ ನೋಡಿ.

ಚಿತ್ರದಲ್ಲಿ ಇದನ್ನ ಮಾಡಿ ತೋರಿಸಿದವರು ಬೆಂಗಳೂರಿನಲ್ಲೇ ಇದ್ದಾರೆ. ಶಬ್ನಮ್ ವಿರ್ಮಾನಿ. ಕಬೀರನನ್ನ ಹುಡುಕಿಕೊಂಡು ಮಧ್ಯಪ್ರದೇಶ, ರಾಜಸ್ಥಾನ, ಗಡಿಯಾಚೆ ಪಾಕಿಸ್ತಾನದವರೆಗೂ ಹೋಗಿ ನಾಲ್ಕು ಸಾಕ್ಷ್ಯಚಿತ್ರ ಮಾಡಿದ್ರು. ಅದರಲ್ಲಿ ಒಂದು ನಮ್ಮ ಬೆಳಗಾವಿ ಸೀಮೆಯ ಸುಳೇಭಾವಿಯಲ್ಲಿ ಹುಟ್ಟಿದ ಕುಮಾರ ಗಂಧರ್ವರ ಬಗ್ಗೆ. ಅವರು ಒಂದು ವಾರ ಶೂಟಿಂಗ್ ಮಾಡಿ ಓಡಿಬರಲಿಲ್ಲ. ವರ್ಷಗಟ್ಟಲೆ ಹಾಡುಗಾರರ ಜೊತೆ ತಿರುಗಿದ್ರು. ಮಾಲ್ವಾದ ಪ್ರಹ್ಲಾದ್ ಟಿಪಾನಿಯಾ ಅವರಂಥ ದಲಿತ ಸಮುದಾಯದ ಗಾಯಕರ ಮನೆಯಲ್ಲಿ ಕೂತು ಕೇಳಿದ್ರು. ಕೊನೆಗೆ ತಾವೇ ತಂಬೂರ ಕಲಿತು ಹಾಡೋಕೆ ಶುರು ಮಾಡಿದ್ರು. ಆ ಚಿತ್ರಗಳಲ್ಲಿ ಟಿಪಾನಿಯಾ ಬರೀ ಗಾಯಕರಲ್ಲ. ಅವರಿಗೆ ಜಾತಿ ಇದೆ, ಜಗಳ ಇದೆ, ಮನೆ ಇದೆ, ಅನುಮಾನ ಇದೆ. ಪೂರ್ತಿ ಮನುಷ್ಯ. ಈ ಕೆಲಸವನ್ನ ನಮ್ಮ ನೀಲಗಾರರಿಗೆ ಯಾರು ಮಾಡ್ತಾರೆ?

ಇದೆಲ್ಲ ಹಳೇ ಕಾಲದ ಹಾಡು ಸ್ವಾಮಿ, ಇಷ್ಟು ತಲೆ ಕೆಡಿಸಿಕೊಳ್ಳಬೇಕಾ ಅಂತ ಕೆಲವರು ಕೇಳಬಹುದು. ಸಂಕಮ್ಮನ ಕುಲದವರನ್ನೇ ನೋಡಿ. ಬಿಳಿಗಿರಿರಂಗನ ಬೆಟ್ಟದ ಸೋಲಿಗರು. ಅಭಯಾರಣ್ಯ ಅಂತ ಘೋಷಣೆಯಾದ ಮೇಲೆ ತಮ್ಮ ಕಾಡಿನಲ್ಲೇ ಪರಕೀಯರಾದ ಜನ. ಯಾವ ಕಲ್ಲಿನಲ್ಲಿ ಯಾವ ದೇವರಿದೆ, ಯಾವ ಮರದ ಬುಡದಲ್ಲಿ ಯಾವ ಹಿರಿಯನ ಸಮಾಧಿ ಇದೆ, ಯಾವ ಕುಲದ ಎಲ್ಲೆ ಎಲ್ಲಿಗೆ ಮುಗಿಯುತ್ತೆ ಅನ್ನೋದು ಅವರ ಬಾಯಲ್ಲಿತ್ತು, ಹಾಡಿನಲ್ಲಿತ್ತು. ಆ ನೆಲೆಗಳನ್ನ ಸಂಶೋಧಕರ ಜೊತೆ ಕಾಡಿನಲ್ಲಿ ನಡೆದು ಅವರು ನಕ್ಷೆಗೆ ತಂದ್ರು. 2011ರಲ್ಲಿ ಅರಣ್ಯ ಹಕ್ಕು ಕಾಯ್ದೆಯಡಿ ಅವರ ಗ್ರಾಮಸಭೆಗಳಿಗೆ ಸಮುದಾಯ ಹಕ್ಕುಪತ್ರ ಸಿಕ್ತು. ಹುಲಿ ಸಂರಕ್ಷಿತ ಪ್ರದೇಶದೊಳಗೆ ಅಂಥ ಹಕ್ಕು ಸಿಕ್ಕಿದ್ದು ದೇಶಕ್ಕೇ ಮಾದರಿಯಾಯ್ತು. ನಾವು ಇಲ್ಲಿದ್ದೆವು ಅಂತ ಹೇಳೋಕೆ ಬಡವನ ಹತ್ತಿರ ತಾಮ್ರಪಟ ಇರಲ್ಲ ವೀಕ್ಷಕರೇ. ಅಜ್ಜಿಯ ಬಾಯಲ್ಲಿರೋ ಪದವೇ ಇರೋದು. ಆ ಪದ ಹೋದ್ರೆ ಹೋಗೋದು ಬರೀ ಸಂಗೀತ ಅಲ್ಲ.

ಹಾಗಾಗಿ, ಕ್ಯಾಮೆರಾ ಹಿಡಿದು ಹರದನಹಳ್ಳಿ ಕಡೆ ಹೊರಟಿರೋ ಮಕ್ಕಳಿಗೆ ನನ್ನ ಮಾತು ಇಷ್ಟು.

ದೇವಸ್ಥಾನದ ಗೋಪುರ ತೆಗೀರಿ, ಚೆನ್ನಾಗಿದೆ. ಮಠದ ಕಥೆ ಕೇಳಿ, ಅದು ದೊಡ್ಡ ಕಥೆ. ಆದರೆ ಅಲ್ಲಿಗೇ ನಿಲ್ಲಿಸಿ ವಾಪಸ್ ಬರಬೇಡಿ. ಊರಿನ ಎಲ್ಲ ಬೀದಿಗೂ ಹೋಗಿ. ಮೊದಲ ದಿನ ಕ್ಯಾಮೆರಾ ಬ್ಯಾಗಿನಲ್ಲೇ ಇರಲಿ. ಹಾಡೋಕೆ ಮೊದಲು ಹೆಸರು ಕೇಳಿ, ಯಾರಿಂದ ಕಲಿತ್ರಿ ಅಂತ ಕೇಳಿ, ಗುರುವಿನ ಹೆಸರು ಬರ್ಕೊಳ್ಳಿ. ಹಾಡಬಾರದ ಹೊತ್ತು, ಹಾಡಬಾರದ ಜಾಗ ಇರ್ತವೆ, ಅದನ್ನ ಒಪ್ಪಿಕೊಳ್ಳಿ. ಒಂದು ಸಾಲನ್ನಾದರೂ ರಾತ್ರಿಪೂರ್ತಿ ಕೂತು ಕೊನೆಯವರೆಗೂ ರೆಕಾರ್ಡ್ ಮಾಡಿ. ನಿಮ್ಮ ಚಿತ್ರಕ್ಕೆ ಐದು ನಿಮಿಷ ಸಾಕಾಗಬಹುದು. ಉಳಿದ ಏಳು ಗಂಟೆಯ ಪ್ರತಿಯನ್ನ ಊರಿನ ಶಾಲೆಗೆ, ಗ್ರಂಥಾಲಯಕ್ಕೆ, ಹಾಡಿದವರ ಮನೆಗೆ ಕೊಡಿ. ಹೆಣ್ಣುಮಕ್ಕಳನ್ನ ಬೇರೆಯಾಗಿ ಕೂರಿಸಿ ಕೇಳಿ. ಗಂಡಸರು ಜಾತ್ರೆಯಲ್ಲಿ ಹಾಡದ ಕಥೆ ಅವರ ಹತ್ತಿರ ಇರುತ್ತೆ. ಜಾತಿಯ ಮಾತು ಬಂದಾಗ ಕ್ಯಾಮೆರಾ ಆಫ್ ಮಾಡಬೇಡಿ. ಮಂಟೇಸ್ವಾಮಿಯನ್ನ ಬಾಗಿಲಲ್ಲಿ ತಡೆದ ಕಥೆಯನ್ನ ಹಾಡೋ ಮನುಷ್ಯನನ್ನ ಇವತ್ತು ಯಾವ ಬಾಗಿಲಲ್ಲಿ ತಡೀತಾರೆ ಅಂತ ಕೇಳಿ. ಅವನು ಹೇಳೋಕೆ ಒಪ್ಪಿದ್ರೆ ಮಾತ್ರ ತೋರಿಸಿ. ಚಿತ್ರ ಮುಗಿದ ಮೇಲೆ ಮೊದಲ ಪ್ರದರ್ಶನ ಬೆಂಗಳೂರಿನಲ್ಲಿ ಬೇಡ. ಆ ಊರಿನ ಅರಳಿಕಟ್ಟೆ ಮುಂದೆ ಒಂದು ಬಿಳಿ ಪಂಚೆ ಕಟ್ಟಿ ತೋರಿಸಿ. ತಪ್ಪಿದ್ರೆ ಅವರೇ ಹೇಳ್ತಾರೆ, ತಿದ್ದಿಕೊಳ್ಳಿ.

ಇನ್ನು ನೀವು, ಈ ಕಾರ್ಯಕ್ರಮ ನೋಡ್ತಿರೋ ಚಾಮರಾಜನಗರ, ಗುಂಡ್ಲುಪೇಟೆ, ಯಳಂದೂರು, ಕೊಳ್ಳೇಗಾಲ, ಹನೂರಿನ ಮಕ್ಕಳು. ಬೇರೆ ಯಾರೋ ಬರ್ತಾರೆ ಅಂತ ಕಾಯಬೇಡಿ. ನಿಮ್ಮ ಜೇಬಿನಲ್ಲೇ ಕ್ಯಾಮೆರಾ ಇದೆ. ಮಗ ಬೆಂಗಳೂರಿಗೆ ಕೆಲಸಕ್ಕೆ ಹೋದ, ಕಂಸಾಳೆ ಮೊಳೆಗೆ ನೇತುಹಾಕಿದೆ ಅನ್ನೋ ಮನೆ ನಿಮ್ಮ ಬೀದಿಯಲ್ಲೂ ಇರಬಹುದು. ಈ ಭಾನುವಾರ ಆ ಮನೆಗೆ ಹೋಗಿ. ತಾತನ ಪಕ್ಕ ಕೂತ್ಕೊಳ್ಳಿ. ರೆಕಾರ್ಡ್ ಗುಂಡಿ ಒತ್ತಿ, ಮೊದಲು ಅವರ ಪೂರ್ತಿ ಹೆಸರು, ಊರು, ಅಪ್ಪನ ಹೆಸರು, ಗುರುವಿನ ಹೆಸರು ಹೇಳಿಸಿ. ಆಮೇಲೆ ಹಾಡಲಿ. ಎಷ್ಟು ಹೊತ್ತು ಹಾಡ್ತಾರೋ ಅಷ್ಟು ಹೊತ್ತು.